ಒಂದು ಉಗುರಿಗೆ ಮೂರು

ಬೋಂಡ ಮೂರನೆಯ ಸಲವೂ ಕಾಲು ಕಿತ್ತುಕೊಂಡು ಸೋಫಾದ ಕೆಳಗೆ ತೂರಿತು. ವೈಜಯಂತಿ ಉಗುರು ಕತ್ತರಿಯನ್ನು ಮಡಿಲಲ್ಲಿಟ್ಟುಕೊಂಡು ಕಾದಳು.

ಮುಂಗಾಲಿನ ಒಳಬದಿಯ, ನೆಲಕ್ಕೆ ತಾಗದ ಉಗುರು ಬಾಗಿ ಮಾಂಸವನ್ನು ಮುಟ್ಟಿತ್ತು. ಹೀಗೇ ಬಿಟ್ಟರೆ ಒಳಗಿಳಿಯುತ್ತದೆ ಎಂದಿದ್ದರು ಡಾಕ್ಟರು. ಹನ್ನೊಂದು ವರ್ಷದ ನಾಯಿ, ದುರ್ಬಲ ಹೃದಯ. ಮತ್ತಿನ ಇಂಜೆಕ್ಷನ್ ಕೊಡಲು ಅವರಿಗೇ ಧೈರ್ಯವಿರಲಿಲ್ಲ. ಇಲ್ಲಿನ ಪೀತಮ್‌ಪುರದ ಮಾರ್ಕೆಟ್ಟಿನಲ್ಲಿ ನಾಯಿಗಳ ಕೂದಲು ಕತ್ತರಿಸುವವನು, "ಮೇಡಂ, ಯೇ ತೋ ಮೇರಿ ಸುನ್ತಾ ಹೀ ನಹೀಂ", ಇದು ನನ್ನ ಮಾತೇ ಕೇಳುವುದಿಲ್ಲ, ಎಂದು ವಾಪಸು ಕಳಿಸಿದ್ದ. ಬೋಂಡನಿಗೆ ಹಿಂದಿ ಬಾರದು. ಗಂಡ ಸುಹಾಸ್ ಅದರೊಡನೆ ಕನ್ನಡವನ್ನಷ್ಟೇ ಆಡುತ್ತಿದ್ದ. ಉಗುರು ತೆಗೆಯುವುದೂ ಅವನದೇ ಕೆಲಸವಾಗಿತ್ತು. ಅವನು ತೀರಿಕೊಂಡು ಐದು ತಿಂಗಳು.

"ಇವತ್ತು ಶುಕ್ರವಾರ ಕಣೇ," ಅಡುಗೆಮನೆಯ ಬಾಗಿಲಲ್ಲಿ ನಿಂತು ಲೀಲಮ್ಮ ಅಂದರು. ಮಗ ಹೋದಾಗ ತುಮಕೂರಿನಿಂದ ಬಂದ ಅತ್ತೆ ಇನ್ನೂ ಹಿಂತಿರುಗಿರಲಿಲ್ಲ.

"ನಾಯಿಗೆ ಯಾವ ಶುಕ್ರವಾರ ಅತ್ತೆ?"

"ಮನೆಗಿದೆಯಲ್ಲ."

"ನಾಳೆ ಶನಿವಾರ. ಅದೂ ಬೇಡ ಅಂತೀರಿ."

"ಭಾನುವಾರ ತೆಗಿ."

ಸುಹಾಸ್ ಉಗುರು ತೆಗೆಯುತ್ತಿದ್ದುದು ಭಾನುವಾರ.

ವೈಜಯಂತಿ ಬೋಂಡನನ್ನು ಹೊರಗೆಳೆದು ಮುಂಗಾಲು ಹಿಡಿದಳು. ಮೊದಲ ಬೆರಳಿನ ಉಗುರಿಗೆ ಕತ್ತರಿ ಒತ್ತಿದಳು. ಅದು ಕುಂಯ್ಗುಟ್ಟಿತು, ಉಗುರಿನ ತುದಿಯಲ್ಲಿ ರಕ್ತ. ಬಟ್ಟಲಲ್ಲಿಟ್ಟುಕೊಂಡಿದ್ದ ಕಾರ್ನ್‌ಫ್ಲೋರ್ ಮೆತ್ತಿ, ನಿಲ್ಲುವವರೆಗೂ ಬೆರಳಲ್ಲಿ ಒತ್ತಿಹಿಡಿದಳು.

"ಬಿಟ್ಬಿಡೇ, ಪಾಪ."

"ಇಲ್ಲ ಅತ್ತೆ. ಇವತ್ತು ಮುಗಿಸ್ತೀನಿ."

ಲೀಲಮ್ಮ ಬಾಗಿಲಿನಿಂದ ಒಂದು ಹೆಜ್ಜೆ ಮುಂದೆ ಬಂದರು. "ನೀನು ಮುಂಗಾಲಿಂದ ಶುರು ಮಾಡ್ದೆ. ಅವನು ಹಿಂಗಾಲು ಮೊದಲು ತೆಗೀತಿದ್ದ."

"ನಿಮಗೆ ಹೇಗೆ ಗೊತ್ತು?"

"ಫೋನು ನೆಲದ ಮೇಲಿಟ್ಕೊಂಡೇ ಮಾತಾಡ್ತಿದ್ದನಲ್ಲ. 'ಹಿಂದಿಂದು ಆಯ್ತಮ್ಮ, ಮುಂದಿಂದು ಬಾಕಿ' ಅನ್ನೋನು. ಒಂದೇ ಸಲಕ್ಕೆ ಕತ್ತರಿಸ್ತಿರಲಿಲ್ಲ. ಒಂದು ಉಗುರಿಗೆ ಮೂರು ಸಲ ಟಕ್ ಅನ್ನೋದು, ತುಮಕೂರಿಗೇ ಕೇಳ್ಸೋದು. ನಾನು ಬೈತಿದ್ದೆ, ನನ್ನ ಮಾತು ಕೇಳ್ತೀಯೋ ನಾಯಿ ಕಾಲು ನೋಡ್ತೀಯೋ ಅಂತ."

"ಕಾಲು ಹಿಡಿಯೋವಾಗ ಬೋಂಡಂಗೆ ಏನೋ ಹೇಳ್ತಿದ್ರಲ್ಲ ಅವರು..."

"ನಿನಗೂ ಗೊತ್ತು ಅದು."

ಮಡಿಯೆಂದು ಈವರೆಗೆ ನಾಯಿಯ ಹತ್ತಿರ ಸುಳಿಯದಿದ್ದ ಲೀಲಮ್ಮ ತಟ್ಟೆಯಲ್ಲಿ ಒಂದು ಚಮಚ ಮೊಸರು ತಂದು, ಮಂಡಿ ಹಿಡಿದುಕೊಂಡು ನೆಲಕ್ಕೆ ಕೂತರು. ತಟ್ಟೆಯನ್ನು ಬೋಂಡನ ಮೂತಿಯ ಕೆಳಗೆ ಸರಿಸಿದರು.

ವೈಜಯಂತಿ ಹಿಂಗಾಲಿನ ಕೆಳಗೆ ಅಂಗೈ ಒಡ್ಡಿದಳು.

"ಕಾಲು ಕೊಡು ಮಗಾ. ಇಲ್ಲೇ ಇದೀನಿ."

ಬೋಂಡನ ಕಿವಿ ನಿಮಿರಿತು. ಅದು ಮುಂಬಾಗಿಲ ಕಡೆ ನೋಡಿತು, ಆಮೇಲೆ ಅವಳನ್ನು. ಕಾಲು ಸಡಿಲವಾಗಿ ಅಂಗೈಗೆ ಬಂತು.

ಅಕ್ಕಿಕಾಳಿನಷ್ಟೇ ಕತ್ತರಿಸಿದಳು. ಮತ್ತೆ ಅಷ್ಟೇ. ಕೊಯ್ದ ಉಗುರಿನ ನಡುವೆ ರಕ್ತನಾಳ ಹತ್ತಿರವಾದ ಗುರುತಾದ ಕಪ್ಪು ಚುಕ್ಕೆ ಕಂಡ ಕೂಡಲೇ ನಿಲ್ಲಿಸಿ ಮುಂದಿನ ಉಗುರಿಗೆ ಹೋದಳು. ಬಾಗಿದ ಉಗುರಿಗೆ ಕೈ ಹಾಕುವ ಹೊತ್ತಿಗೆ ಮೊಸರು ಖಾಲಿಯಾಗಿ ಬೋಂಡ ತಟ್ಟೆಯನ್ನೇ ನೆಕ್ಕುತ್ತಿತ್ತು. ಕತ್ತರಿಸಿದ ತುಣುಕು ಕಾಗದದ ಮೇಲೆ ಬಿತ್ತು. ಅದು ಒತ್ತಿದ್ದಲ್ಲಿ ಕೆಂಪು ಗುರುತು ಇತ್ತು, ಗಾಯವಾಗಿರಲಿಲ್ಲ.

ಲೀಲಮ್ಮ ಗೋಡೆಗೊರಗಿ ಕಣ್ಣು ಮುಚ್ಚಿದ್ದರು.

"ಮುಗೀತಾ?"

ಬೋಂಡ ಎದ್ದು ಮೈ ಕೊಡವಿಕೊಂಡು ಬಾಲ್ಕನಿಗೆ ಹೋಯಿತು. ಅತ್ತೆ ಕಣ್ಣು ತೆರೆಯಲಿಲ್ಲ. ವೈಜಯಂತಿ ಅವರ ಮುಖ ನೋಡಿದಳು. ಕೈಯಲ್ಲಿದ್ದ ಕತ್ತರಿಯನ್ನು ಬರಿಗಾಳಿಯಲ್ಲಿ ಒತ್ತಿದಳು.

ಟಕ್. ಟಕ್. ಟಕ್.