ನಮ್ಮ ಗಲ್ಲಿಯ ಖಾಲಿ ತಟ್ಟೆಗಳು

ನನಗೆ ಮೂಗಿನ ತುದಿಯಲ್ಲೇ ಸಿಟ್ಟು ಎಂದು ಶಿವಾಜಿನಗರದಲ್ಲಿ ಯಾರನ್ನು ಕೇಳಿದರೂ ಹೇಳುತ್ತಾರೆ. ಇಲ್ಲಿನ ಸರ್ಕಾರಿ ಶಾಲೆಯಲ್ಲಿ ಕನ್ನಡ ಕಲಿಸಿ ನಿವೃತ್ತಳಾದವಳು ನಾನು, ನೂರ್ಜಹಾನ್. ರಸೆಲ್ ಮಾರ್ಕೆಟ್ಟಿನ ವ್ಯಾಪಾರಿಗಳಲ್ಲಿ ಅರ್ಧ ಜನ ನನ್ನಿಂದ ಕಿವಿ ಹಿಂಡಿಸಿಕೊಂಡವರೇ. ಈಗಲೂ ನನ್ನನ್ನು ಕಂಡರೆ ತಕ್ಕಡಿ ನೆಟ್ಟಗೆ ಹಿಡಿಯುತ್ತಾರೆ.

ಇಂಥ ನನ್ನ ಗಲ್ಲಿಗೆ ಇಂದಿರಾನಗರದಿಂದ ಸಂಘಮಿತ್ರಾ ಎಂಬ ಕಲಾವಿದೆ ಬಂದಳು. ಒಳ್ಳೆಯ ಹುಡುಗಿ, ಅದೇ ತೊಂದರೆ. ಖಾಲಿ ಬಿದ್ದಿದ್ದ ಟೈಲರ್ ಅಂಗಡಿಯನ್ನು ಬಾಡಿಗೆಗೆ ಹಿಡಿದು, "ಆಂಟಿ, ನಾನು ಆರ್ಟ್ ಮಾಡೋಕೆ ಬಂದಿಲ್ಲ. ನೀವೆಲ್ಲ ಮಾಡ್ತೀರಾ, ನಾನು ಸುಮ್ನೆ ಕೇಳಿಸ್ಕೊತೀನಿ" ಎಂದಳು. ಹಾಗಾದರೆ ಕಲಾವಿದೆ ಅಂತ ನಿನ್ನನ್ನು ಯಾಕಮ್ಮ ಕರೆಯಬೇಕು ಎಂದು ಬಾಯಿಗೆ ಬಂದಿತ್ತು, ನುಂಗಿಕೊಂಡೆ.

ಮೊದಲ ದಿನ ಎಲ್ಲರನ್ನೂ ಚಾಪೆಯ ಮೇಲೆ ಕೂರಿಸಿ, ಬಣ್ಣದ ಚೀಟಿ ಹಂಚಿ, ನಿಮ್ಮ ಕನಸು ಬರೆಯಿರಿ ಎಂದಳು. ಇಡೀ ಗಲ್ಲಿ ಒಂದೇ ಕನಸು ಬರೆಯಿತು: ಚರಂಡಿ ರಿಪೇರಿ. ಆಕೆ ಚೀಟಿಗಳನ್ನೆಲ್ಲ ಗೋಡೆಗೆ ಅಂಟಿಸಿ, ದೂರ ನಿಂತು ನೋಡಿ, "ವಾವ್, ಎಂಥಾ ಮೆಟಫರ್!" ಎಂದು ಫೋಟೋ ತೆಗೆದುಕೊಂಡಳು. ಚರಂಡಿ ಇವತ್ತಿಗೂ ಹಾಗೇ ನಾರುತ್ತಿದೆ.

ಆಮೇಲೆ ಮನೆಮನೆಗೂ ಬಂದು, "ನಿಮ್ಮನೆಯಿಂದ ಒಂದು ಖಾಲಿ ತಟ್ಟೆ ಬೇಕು ಆಂಟಿ, ಪ್ರಾಜೆಕ್ಟಿಗೆ" ಎಂದಳು.

ಖಾಲಿ ತಟ್ಟೆ! ನಮ್ಮ ಗಲ್ಲಿಯಲ್ಲಿ ಹೊಸಿಲು ದಾಟುವ ತಟ್ಟೆ ಖಾಲಿ ಹೋಗುವುದಿಲ್ಲ, ಖಾಲಿ ವಾಪಸ್ಸೂ ಬರುವುದಿಲ್ಲ. ಏನೂ ಇಲ್ಲದಿದ್ದರೆ ಒಂದು ಹಿಡಿ ಸಕ್ಕರೆಯಾದರೂ ಇಟ್ಟು ಕೊಡಬೇಕು. ರಂಜಾನಿಗೆ ನನ್ನ ತಟ್ಟೆ ಎದುರು ಮನೆಯ ಆದಿಲಕ್ಷ್ಮಿಯ ಮನೆಗೆ ಹೋಗುತ್ತದೆ, ಸಂಕ್ರಾಂತಿಗೆ ಅವಳ ತಟ್ಟೆ ಪೊಂಗಲ್ ಹೊತ್ತು ನಮ್ಮ ಮನೆಗೆ ಬರುತ್ತದೆ. ಹಿಂದೂ ಮುಸ್ಲಿಂ ಎಂಬ ಭೇದ ತಟ್ಟೆಗೆ ಇಲ್ಲ. ಹಾಗಾಗಿ ಹೆಂಗಸರೆಲ್ಲ ಕೊಳಾಯಿ ಹತ್ತಿರ ಸೇರಿ ಒಂದು ತೀರ್ಮಾನಕ್ಕೆ ಬಂದೆವು. ಪಾಪ, ಹುಡುಗಿಗೆ ಹಸಿವು, ಬಾಯಿಬಿಟ್ಟು ಕೇಳೋಕೆ ನಾಚಿಕೆ, ಅದಕ್ಕೇ ಖಾಲಿ ತಟ್ಟೆ ಅಂತಿದ್ದಾಳೆ.

ನಾನು ತುಪ್ಪದ ಅನ್ನ ಖುಷ್ಕಾ ಬಡಿಸಿ, ಮೇಲೆ ಬೇಳೆ ಮಾಂಸದ ದಾಲ್ಚಾ ಸುರಿದು ಕಳಿಸಿದೆ. ಆದಿಲಕ್ಷ್ಮಿ ಚಿತ್ರಾನ್ನ ಕಳಿಸಿದಳು. ಒಬ್ಬರು ಖೀಮಾ, ಒಬ್ಬರು ಶಾವಿಗೆ ಪಾಯಸ. ಟೈಲರ್ ಅಂಗಡಿಯ ಕಟ್ಟೆಯ ಮೇಲೆ ಕಾಲಿಡಲು ಜಾಗವಿರಲಿಲ್ಲ. ಸಂಘಮಿತ್ರಾ ಗಾಬರಿಯಾಗಿ, "ಆಂಟಿ, ನಂಗೆ ಖಾಲೀನೇ ಬೇಕಿತ್ತು" ಎಂದಳು.

"ತಿನ್ನಮ್ಮ, ಖಾಲಿ ಆಗತ್ತೆ" ಎಂದೆ.

ತಿಂದಳು ಪಾಪ. ಸ್ನೇಹಿತರನ್ನೂ ಕರೆಸಿ ತಿನ್ನಿಸಿದಳು. ಆದರೆ ತಟ್ಟೆಗಳು ವಾಪಸ್ಸು ಬರಲಿಲ್ಲ. ಸಕ್ಕರೆಯ ಮಾತಂತೂ ಬಿಡಿ! ಒಂದು ದಿನ ನೋಡಿದರೆ ಅಂಗಡಿಗೆ ಬೀಗ.

ತಟ್ಟೆ ಎಲ್ಲಿ ಹೋಯಿತೆಂದು ನನಗೆ ಗೊತ್ತಾಗಿದ್ದು ಪೇಪರಿನಿಂದ. ನಿವೃತ್ತಿಯ ದಿನ ಮಕ್ಕಳು ಕೊಟ್ಟ ಸ್ಟೀಲ್ ತಟ್ಟೆ ಅದು. ಪಾತ್ರೆ ಅಂಗಡಿಯಲ್ಲಿ ಚುಕ್ಕಿ ಚುಕ್ಕಿಯಾಗಿ ಹೆಸರು ಕೆತ್ತಿಸಿದ್ದರು: "ನೂರ್ಜಹಾನ್ ಟೀಚರ್‌ಗೆ, ಏಳನೇ ತರಗತಿ." ಆ ಚುಕ್ಕಿಗಳೆಲ್ಲ ಫೋಟೋದಲ್ಲಿ ಎದ್ದು ಕಾಣುತ್ತಿದ್ದವು. ಇಂದಿರಾನಗರದ ಯಾವುದೋ ದೊಡ್ಡ ಮನೆಯಲ್ಲಿ ಸಂಘಮಿತ್ರಾಳ ಪ್ರದರ್ಶನವಂತೆ, ತಟ್ಟೆ ಅಲ್ಲಿ ತಂತಿಯಲ್ಲಿ ನೇತಾಡುತ್ತಿತ್ತು. ಮೇಲೊಂದು ಬೋರ್ಡು, ದಪ್ಪ ಅಕ್ಷರದಲ್ಲಿ, "ಹಸಿವು: ಶಿವಾಜಿನಗರದ ಖಾಲಿ ತಟ್ಟೆಗಳು." ನನ್ನ ತಟ್ಟೆಯ ಕೆಳಗೆ, "ಈ ಮನೆಯಲ್ಲಿ ಹಬ್ಬಕ್ಕೂ ಒಲೆ ಹತ್ತುವುದಿಲ್ಲ."

ಮೈಯೆಲ್ಲ ಉರಿದುಹೋಯಿತು. ದಾಲ್ಚಾ ತಿಂದ ಬಾಯಲ್ಲಿ ಆಡುವ ಮಾತೇ ಇದು?

ಪೇಪರು ಮಡಚುವಷ್ಟರಲ್ಲಿ ಫ್ರೇಜರ್ ಟೌನಿನಿಂದ ಶಿರೀನ್ ಅವರ ಫೋನು. ಅವರ ಮಗ ಸಕ್ಲೇನ್‌ಗೂ ನನ್ನ ಮಗಳು ಸುಮೈರಾಗೂ ಮಂಗನಿ, ಅಂದರೆ ನಿಶ್ಚಿತಾರ್ಥ, ಮುಂದಿನ ಭಾನುವಾರಕ್ಕೆ ಗೊತ್ತಾಗಿತ್ತು.

"ತಪ್ಪು ತಿಳ್ಕೋಬೇಡಿ ಟೀಚರ್" ಎಂದರು ಆಕೆ, ಅಳುವ ಮಗುವಿಗೆ ಹೇಳುವ ದನಿಯಲ್ಲಿ. "ಮನೇಲಿ ಅಷ್ಟು ಕಷ್ಟ ಇದೆ ಅಂತ ಮೊದ್ಲೇ ಹೇಳ್ಬಹುದಿತ್ತು. ನೆಂಟ್ರೆಲ್ಲ ಫೋನ್ ಮಾಡಿ ಕೇಳ್ತಿದಾರೆ. ಮಂಗನಿ ಸ್ವಲ್ಪ ಮುಂದಕ್ಕೆ ಹಾಕೋಣ ಅಂತಾರೆ ನಮ್ಮೆಜಮಾನ್ರು."

ಮುಂದಕ್ಕೆ ಹಾಕುವುದೆಂದರೆ ಏನೆಂದು ನನಗೆ ಗೊತ್ತಿಲ್ಲವೇ? ಸುಮೈರಾ ಪಕ್ಕದಲ್ಲೇ ನಿಂತು ಎಲ್ಲ ಕೇಳಿಸಿಕೊಂಡಿದ್ದಳು. "ಹೋದ್ರೆ ಹೋಗ್ಲಿ ಬಿಡಿ ಅಮ್ಮಿ" ಎಂದು ಅಡುಗೆಮನೆಗೆ ಹೋಗಿ ನಲ್ಲಿ ಜೋರಾಗಿ ಬಿಟ್ಟುಕೊಂಡಳು. ಆ ಹುಡುಗನ ಫೋನು ಬಂದರೆ ಟೆರೇಸಿಗೆ ಓಡುತ್ತಿದ್ದ ಮಗಳು ಅವಳು. ಆ ಬೋರ್ಡು ತೆಗೆಸದೆ ನಾನು ನೀರು ಕುಡಿಯುವವಳಲ್ಲ ಎಂದುಕೊಂಡೆ.

ಶನಿವಾರ ಆ ಪ್ರದರ್ಶನದಲ್ಲಿ ಸಭೆ ಇದೆಯೆಂದು ಪೇಪರಿನಲ್ಲೇ ಹಾಕಿದ್ದರು. ಆದಿಲಕ್ಷ್ಮಿಯನ್ನು ಕರೆದುಕೊಂಡು ಹೊರಟೆ. ಅವಳು ಮಾರ್ಕೆಟ್ ಮುಂದೆ ಹೂವು ಮಾರುವವಳು. ಫುಟ್‌ಪಾತ್ ಅಗೆದು ಹಾಕಿದ್ದರಿಂದ ಆ ತಿಂಗಳೆಲ್ಲ ಮನೆಯಲ್ಲೇ ಇದ್ದಳು. "ನಾನ್ಯಾಕೆ ಟೀಚರ್, ನಂಗೇನ್ ಗೊತ್ತಾಗತ್ತೆ ಅಲ್ಲಿ" ಎಂದಳು. "ನಿನ್ನ ತಟ್ಟೇನೂ ಅಲ್ಲೇ ನೇತಾಡ್ತಿದೆ, ಬಾರೇ ಸುಮ್ನೆ" ಎಂದೆ.

ಇಂದಿರಾನಗರದ ಆ ದೊಡ್ಡ ಮನೆಯ ಹಾಲಿನಲ್ಲಿ ನಮ್ಮ ಗಲ್ಲಿಯ ತಟ್ಟೆಗಳೆಲ್ಲ ಸೂರಿನಿಂದ ಇಳಿಬಿದ್ದಿದ್ದವು, ಒಂದೊಂದಕ್ಕೂ ಒಂದೊಂದು ದೀಪ. ಆದಿಲಕ್ಷ್ಮಿಯ ತಟ್ಟೆಯ ಕೆಳಗೆ "ಕೊನೆಯ ಹಿಡಿ ಅಕ್ಕಿ" ಎಂದು ಬರೆದಿತ್ತು. ಬಂದವರು ಅದರ ಮುಂದೆ ನಿಂತು ನಿಟ್ಟುಸಿರು ಬಿಟ್ಟು, ಆಮೇಲೆ ಮೂಲೆಯಲ್ಲಿಟ್ಟಿದ್ದ ಚೀಸ್ ತುಂಡುಗಳ ಕಡೆಗೆ ಹೋಗುತ್ತಿದ್ದರು. ಸಂಘಮಿತ್ರಾ ಓಡಿಬಂದು ನನ್ನನ್ನು ತಬ್ಬಿಕೊಂಡಳು. ಮುಂದಿನ ಸಾಲಿನ ಎರಡು ಕುರ್ಚಿಗಳಿಗೆ "ಸಮುದಾಯ" ಎಂದು ಚೀಟಿ ಅಂಟಿಸಿದ್ದರು. ನಾವಿಬ್ಬರು ಸಮುದಾಯವಾಗಿ ಕುಳಿತೆವು.

ವೇದಿಕೆಯ ಮೇಲೆ ಮೂವರು. ವಿಷಯ, "ಸಮುದಾಯದ ದನಿಗೆ ಕಿವಿಗೊಡುವುದು ಹೇಗೆ?" ಒಬ್ಬರಾದ ಮೇಲೊಬ್ಬರು ಕಿವಿಗೊಡುವ ಬಗ್ಗೆ ಮಾತಾಡಿಯೇ ಮಾತಾಡಿದರು. ನಾನು ಕೈ ಎತ್ತಿದರೆ, ಕೊನೆಯಲ್ಲಿ ಪ್ರಶ್ನೋತ್ತರ ಇದೆ, ಕಾಯಿರಿ ಎಂದರು. ಕೊನೆ ಬಂದಾಗ ಸಮಯ ಮುಗಿಯಿತು ಎಂದರು.

ಅಲ್ಲಿಗೆ ನನ್ನ ತಾಳ್ಮೆಯೂ ಮುಗಿಯಿತು. ವೇದಿಕೆ ಹತ್ತಿ, ಗಡ್ಡದವರೊಬ್ಬರ ಕೈಯಿಂದ ಮೈಕು ಕಿತ್ತುಕೊಂಡು, ಏಳನೇ ತರಗತಿಗೆ ತಟ್ಟುತ್ತಿದ್ದ ಹಾಗೆ ಮೇಜು ತಟ್ಟಿದೆ. "ಸೈಲೆನ್ಸ್!" ಇಡೀ ಹಾಲು ಕೈಕಟ್ಟಿ ಕುಳಿತಿತು. ನನ್ನ ತಟ್ಟೆಯ ಕಡೆ ಬೆರಳು ತೋರಿಸಿದೆ.

"ಈ ಹೆಸರು ಓದ್ಕೊಳ್ಳಿ. ನೂರ್ಜಹಾನ್, ನಾನೇ. ಈ ತಟ್ಟೇಲಿ ಖುಷ್ಕಾ ದಾಲ್ಚಾ ಬಂದಿತ್ತು, ಇವಳೇ ಬೆರಳು ಚೀಪ್ಕೊಂಡು ತಿಂದಿದ್ದು. ಏನಮ್ಮ ಸಂಘಮಿತ್ರಾ, ಸುಳ್ಳಾ?"

"ಇಲ್ಲ ಆಂಟಿ, ಆದ್ರೆ ಇದು ಆಬ್ಸೆನ್ಸ್ ಬಗ್ಗೆ..."

"ಆಬ್ಸೆಂಟು ಪ್ರೆಸೆಂಟು ನಾನು ಹಾಕ್ತೀನಿ, ನೀನು ಕೂತ್ಕೊ!"

ಆಮೇಲೆ ಒಂದೊಂದೇ ತಟ್ಟೆಯ ಕೆಳಗೆ ನಿಂತು ಹೇಳುತ್ತಾ ಹೋದೆ. ಇದರಲ್ಲಿ ಖೀಮಾ. ಇದರಲ್ಲಿ ಶಾವಿಗೆ, ದ್ರಾಕ್ಷಿ ಗೋಡಂಬಿ ಸಮೇತ. ಆದಿಲಕ್ಷ್ಮಿಯನ್ನು ಕೈಹಿಡಿದು ಎಬ್ಬಿಸಿ ಅವಳ ತಟ್ಟೆಯ ಕೆಳಗೆ ನಿಲ್ಲಿಸಿದೆ. "ಕೊನೆಯ ಹಿಡಿ ಅಕ್ಕಿಯಂತೆ! ಗುಡ್ಡದ ಹಾಗೆ ಚಿತ್ರಾನ್ನ ಕಳಿಸಿದ್ಳು ಇವ್ಳು. ನಮ್ಮ ಗಲ್ಲೀಲಿ ಒಬ್ಬರೂ ಉಪವಾಸ ಮಲಗೋದಿಲ್ಲ, ತಿಳ್ಕೊಳ್ಳಿ!" ಆದಿಲಕ್ಷ್ಮಿ ನನ್ನ ಸೆರಗು ಎಳೆದಳು. ಸಂಕೋಚ ಪಾಪ, ಹೊರಡೋಣ ಎನ್ನುತ್ತಿದ್ದಾಳೆ ಎಂದುಕೊಂಡೆ. ಇನ್ನೊಮ್ಮೆ ಎಳೆದಳು, ಕೈ ಬಿಡಿಸಿಕೊಂಡೆ.

ಜನ ಎದ್ದು ನಿಂತು ಚಪ್ಪಾಳೆ ತಟ್ಟಿದರು. ಎಲ್ಲರ ಕೈಯಲ್ಲೂ ಫೋನು. ಗಡ್ಡದವರು ಕಣ್ಣೊರೆಸಿಕೊಂಡು, ಕೃತಿ ಈಗ ಪೂರ್ಣವಾಯಿತು ಎಂದರು. ಸಂಘಮಿತ್ರಾ ತಾನೇ ಏಣಿ ಹತ್ತಿ "ಹಸಿವು" ಬೋರ್ಡು ಕಿತ್ತಳು, ಕೆಳಗಿನ ಸಾಲುಗಳನ್ನೆಲ್ಲ ಹರಿದು ಹಾಕಿದಳು, ನನ್ನ ತಟ್ಟೆ ಬಿಚ್ಚಿ ಕೈಗೆ ಕೊಟ್ಟಳು. ನಾಳೆಯಿಂದ ಪ್ರದರ್ಶನದ ಹೆಸರು "ತುಂಬಿದ ತಟ್ಟೆ" ಎಂದು ಅಲ್ಲೇ ಘೋಷಿಸಿದಳು.

ಬಸ್ ಸ್ಟಾಪಿಗೆ ಬರುವಷ್ಟರಲ್ಲಿ ಶಿರೀನ್ ಅವರ ಫೋನು. "ಲೈವ್‌ನಲ್ಲಿ ನೋಡಿದ್ವಿ ಟೀಚರ್, ನಮ್ಮೆಜಮಾನ್ರು ನಕ್ಕೂ ನಕ್ಕೂ ಸುಸ್ತಾದ್ರು. ಭಾನುವಾರವೇ ಮಂಗನಿ. ಊಟಕ್ಕೆ ಖುಷ್ಕಾ ದಾಲ್ಚಾನೇ ಮಾಡ್ಸಿ." ಸುಮೈರಾಗೆ ಫೋನು ಮಾಡಿದೆ. ಆ ಕಡೆಯಿಂದ ಒಂದು ಕಿರುಚು ಕೇಳಿ, ಲೈನು ಕಟ್ಟಾಯಿತು. ಟೆರೇಸಿಗೆ ಓಡಿರಬೇಕು.

ಬಸ್ಸಿನಲ್ಲಿ ಕುಳಿತು ಹಲಸೂರು ದಾಟುವವರೆಗೂ ನನ್ನದೇ ಮಾತು. ಗಡ್ಡದವರ ಮುಖ ಹೇಗಾಯಿತು, ಮೈಕು ಹೇಗೆ ಕಿತ್ತೆ ಎಂದು ಮತ್ತೆ ಮತ್ತೆ ಹೇಳಿ ನಗುತ್ತಿದ್ದೆ. ಆದಿಲಕ್ಷ್ಮಿ ಕಿಟಕಿಯಾಚೆ ನೋಡುತ್ತಿದ್ದಳು.

"ಟೀಚರ್, ನನ್ ತಟ್ಟೆ ಕೆಳ್ಗೆ ಬರ್ದಿದ್ದು ಮಾತ್ರ ನಿಜ" ಎಂದಳು.

"ಯಾವ್ದು?"

"ಕೊನೆ ಅಕ್ಕೀನೇ ಅದು. ಎಲ್ರ ಮನೆಯಿಂದ ತಟ್ಟೆ ಹೋಗ್ತಿತ್ತು, ನಾನೊಬ್ಳು ಹೆಂಗ್ ಬಿಡ್ಲಿ? ಇದ್ದಿದ್ನೆಲ್ಲ ಬೇಯ್ಸಿ ಕಳ್ಸಿದೆ. ನಾನೂ ನಮ್ಮತ್ತೆ ಟೀ ಬನ್ನು ತಿಂದು ಮಲಗಿದ್ವಿ. ಆ ಹುಡುಗಿ ಬಂದು ತಟ್ಟೆ ಬಗ್ಗೆ ಕೇಳಿದ್ಳು, ಅದಕ್ಕೆ ಹೇಳ್ದೆ. ಅವ್ಳು ಅತ್ಬಿಟ್ಳು ಪಾಪ. ಆಮೇಲೆ ಎಲ್ರ ತಟ್ಟೆ ಕೆಳಗೂ ಹಂಗೇ ಏನೇನೋ ಬರ್ದಿದಾಳೆ, ಅದು ತಪ್ಪೇ ಬಿಡಿ."

ನಾಚಿಕೆಯಿಂದ ಮುಖವೆಲ್ಲ ಸುಟ್ಟ ಹಾಗಾಯಿತು. ನಾಚಿಕೆಯಾದಾಗ ನನಗೆ ಬರುವುದೂ ಸಿಟ್ಟೇ. "ಎದುರು ಮನೇಲೇ ಇದೀನಲ್ಲೇ, ನಂಗೊಂದ್ ಮಾತು ಹೇಳೋಕೇನಾಗಿತ್ತು ನಿಂಗೆ?" ಎಂದು ಜೋರು ಮಾಡಿದೆ. "ಹೋಗ್ಲಿ, ಇವತ್ತಾದ್ರೂ ಅಲ್ಲೇ ಎಲ್ರ ಮುಂದೆ ಹೇಳ್ಬಹುದಿತ್ತಲ್ಲ!"

ಆದಿಲಕ್ಷ್ಮಿ ನನ್ನ ಮುಖ ನೋಡಿದಳು. ಅವಳಿಗೆ ಸಿಟ್ಟೇನೂ ಇರಲಿಲ್ಲ.

"ಹೇಳೋಣ ಅಂತ ಸೆರಗು ಎಳೆದೆ ಟೀಚರ್. ಮೈಕು ನಿಮ್ ಕೈಲಿತ್ತಲ್ಲ" ಎಂದಳು.