ಪೊಚೊಂಗ್‌ನ ಕ್ಷಮಾಪಣೆ

"ಅಳಿಸೋ ಆ ವಿಡಿಯೊನ!" ಅಂದಳು ರತ್ಮಿ. ಓಣಿಯ ಹುಡುಗ ಬಾಗಸನ ಕೆನ್ನೆಗೆ ಬಾರಿಸಲು ಅವಳ ಕೈ ಕಡಿಯುತ್ತಿತ್ತು.

"ಅಕ್ಕಾ, ಇಪ್ಪತ್ತು ಲಕ್ಷ ಜನ ನೋಡಿದಾರೆ! ಇಡೀ ಜಾವಾದಲ್ಲಿ ಈಗ ನಿಮ್ಮಮ್ಮನೇ ಸ್ಟಾರು."

ಥೂ, ಅವನ ಸ್ಟಾರಿಗಿಷ್ಟು! ಹೆಣದ ಹಾಗೆ ಬಿಳಿಬಟ್ಟೆ ಸುತ್ತಿಕೊಂಡು, ತಲೆಗೂ ಕಾಲಿಗೂ ಗಂಟು ಹಾಕಿಕೊಂಡು, ಬಾಳೆಗಿಡಗಳ ಮರೆಯಿಂದ ಪೊಚೊಂಗ್ ದೆವ್ವವಾಗಿ ಕುಪ್ಪಳಿಸುವುದು ಈ ಸೋಮಾರಿಗಳ ಹೊಸ ಹುಚ್ಚು. ಕಂಡವರು ಕಿರುಚಿ ಓಡಬೇಕು, ಊರು ನಗಬೇಕು. ಬೆಕ್ಕಿಗೆ ಚೆಲ್ಲಾಟ, ಇಲಿಗೆ ಪ್ರಾಣಸಂಕಟ.

ಆದರೆ ಬಾಗಸ್ ಹಾಗೆ ಎದುರಿಗೆ ಕುಪ್ಪಳಿಸಿದ ಮುಸ್ಸಂಜೆ ರತ್ಮಿಯ ತಾಯಿ ಸಮಿಂತೆನ್ ಓಡಲಿಲ್ಲ. ಗಂಡ ಕಾರ್ಯೊನೊನನ್ನು ಮಣ್ಣು ಮಾಡಿದ ದಿನ ಜಡಿಮಳೆ, ಗುಂಡಿಯ ತುಂಬ ನೀರು. ಗಂಡಸರು ಗಡಿಬಿಡಿಯಲ್ಲಿ ಮಣ್ಣೆಳೆದು ಬಂದಿದ್ದರು. ಗುಂಡಿಗಿಳಿಸಿದ ಮೇಲೆ ಹೆಣಕ್ಕೆ ಸುತ್ತಿದ ಕಫನ್ನಿನ ಗಂಟು ಬಿಚ್ಚಿದವರು ಯಾರು ಅಂದರೆ ಒಬ್ಬರಿಗೂ ನೆನಪಿಲ್ಲ. ಗಂಟು ಬಿಚ್ಚದಿದ್ದರೆ ಸತ್ತವರು ಹೀಗೇ ಕುಪ್ಪಳಿಸಿಕೊಂಡು ಅಲೆಯುತ್ತಾರೆಂದು ಆ ಓಣಿಯ ಕೂಸಿಗೂ ಗೊತ್ತು. ಅಂದಿನಿಂದ ಆಕೆಗೆ ಅನ್ನ ಸೇರಿರಲಿಲ್ಲ.

"ಇಷ್ಟು ದಿನ ಹಿಂಗೇ ಇದ್ರಾ? ಕಾಲು ನೋಯ್ತಾ?" ಎಂದು ಅಳುತ್ತಾ ಆಕೆ ಗಂಟುಗಳನ್ನು ಒಂದೊಂದಾಗಿ ಬಿಚ್ಚಿದಳು. ಸತ್ತವರ ಮುಖ ನೋಡಬಾರದೆಂದು ತಲೆಯೆತ್ತಲಿಲ್ಲ. "ಬಿಚ್ಚಿದೆ. ಇನ್ನು ಮಲಗಿ," ಅಂದು ತಿರುಗಿ ನೋಡದೆ ಮನೆಗೆ ಬಂದಳು. ಅಂದು ಹೊಟ್ಟೆ ತುಂಬ ಉಂಡಳು. ಸೊಪ್ಪಿಗೆ ಶೇಂಗಾ ಚಟ್ನಿ ಹಾಕಿ ಮಾರುವ, ಮುಚ್ಚಿದ್ದ ತನ್ನ ಪೆಚೆಲ್ ಅಂಗಡಿಯನ್ನು ಮತ್ತೆ ತೆರೆದಳು.

ಈಗ ಬಾಗಸನ ವಿಡಿಯೊದಲ್ಲಿನ ಆ ಮಾತಿಗೆ ನಗುವಿನ ಸದ್ದು ಸೇರಿಸಿ ಫೋನುಗಳಲ್ಲಿ ಊರಿಗೆ ಊರೇ ಅಣಕಿಸುತ್ತಿದೆ.

"ಅಮ್ಮನ ಹತ್ರ ಫೋನಿಲ್ಲ. ಅದು ನೀನು ಅಂತ ಆಕೆಗೆ ಗೊತ್ತಿಲ್ಲ, ಗೊತ್ತಾಗಲೂ ಬಾರದು. ಅಳಿಸಿ ಬಾಯಿ ಮುಚ್ಕೊಂಡಿರು. ನಮ್ಮನೆ ಕಡೆ ತಲೆ ಹಾಕಿದ್ಯೋ, ಕಾಲು ಮುರೀತೀನಿ!"

ಬಾಗಸ್ ಗೊಣಗುತ್ತಾ ಅಳಿಸಿದ. ಆದರೆ ಅಷ್ಟರಲ್ಲಿ ಜನ ಅವನನ್ನು ಬೈಯಲು ಶುರುಮಾಡಿದ್ದರು. ಬೈಸಿಕೊಂಡವರಿಗೆ ಆ ನಾಡಿನಲ್ಲಿ ಒಂದೇ ದಾರಿ: ಕ್ಷಮಾಪಣೆಯ ವಿಡಿಯೊ. ಒಂದು ಮೂಟೆ ಅಕ್ಕಿ ಕೊಡು, ಕಾಲು ಹಿಡಿ, ಅಳು. ಅದನ್ನೂ ಲಕ್ಷ ಜನ ನೋಡುತ್ತಾರೆ. ನಾಚಿಕೆಗೆಟ್ಟವರು!

ಎರಡು ದಿನ ಕಳೆದು, ಬೆಳಿಗ್ಗೆ, ರತ್ಮಿ ಅಡುಗೆಮನೆಯಲ್ಲಿ ಶೇಂಗಾ ಅರೆಯುತ್ತಿದ್ದಳು. ಹೊರಗೆ ಅಳುವ ಸದ್ದು ಕೇಳಿ ಅರೆಯುವ ಕಲ್ಲು ಹಿಡಿದೇ ಓಡಿಬಂದಳು. ಕರಿ ಟೋಪಿಯ ಬಾಗಸ್ ತಾಯಿಯ ಕಾಲಿಗೆ ಬಿದ್ದಿದ್ದ. ಪಕ್ಕದಲ್ಲಿ ಅಕ್ಕಿಮೂಟೆ. ಗೆಳೆಯನೊಬ್ಬ ಫೋನು ಹಿಡಿದು ನಿಂತಿದ್ದ, ಲೈವ್.

"ಕ್ಷಮಿಸಿ ಅಜ್ಜಿ. ಆ ಪೊಚೊಂಗ್ ನಾನೇ. ತಮಾಷೆಗೆ ಮಾಡಿದ್ದು."

ಸಮಿಂತೆನ್ ನಕ್ಕಳು. "ಹೋಗೋ ಹುಚ್ಚಪ್ಪ. ನಮ್ಮೆಜಮಾನ್ರನ್ನ ನಾನರಿಯೆನಾ?"

"ನಾನೇ ಅಜ್ಜಿ, ಆಣೆಗೂ."

"ಸುಳ್ಳು!" ರತ್ಮಿ ಅರಚಿದಳು. "ಹೆಸರು ಮಾಡೋಕೆ ಬೊಗಳ್ತಿದಾನಮ್ಮ. ಹೇಳೋ, ಸುಳ್ಳು ಅಂತ ಹೇಳೋ! ದಮ್ಮಯ್ಯ ಅಂತೀನಿ, ಹೇಳೋ!"

ಬಾಗಸ್ ಓರೆಗಣ್ಣಲ್ಲಿ ಫೋನು ನೋಡಿದ. ಅದರ ತುಂಬ ಕೆಂಪು ಹೃದಯಗಳು ಹಾರುತ್ತಿದ್ದವು.

"ಇಲ್ಲಕ್ಕಾ," ಅಂದ, ಕಣ್ಣೊರೆಸಿಕೊಂಡು. "ಸುಳ್ಳು ಹೇಳೋದು ಪಾಪ."

ಸಮಿಂತೆನ್‌ಳ ನಗು ನಿಂತಿತು. ಮಗಳ ಕಡೆ ತಿರುಗಿದಳು. "ಹಂಗಾದ್ರೆ ನಿಮ್ಮಪ್ಪ ಇನ್ನೂ ಕಟ್ಟಿಸ್ಕೊಂಡೇ ಇದಾರೇನೇ?"

ಮುದುಕಿ ಎದ್ದು ಬರಿಗಾಲಲ್ಲೇ ಗೋರಿಗಳ ಕಡೆ ನಡೆದಳು. ಗೆಳೆಯ ಫೋನು ತಿರುಗಿಸಿ ಅವಳ ಬೆನ್ನು ಹತ್ತಿದ.

ರತ್ಮಿ ಕೈಯಲ್ಲಿದ್ದ ಅರೆಯುವ ಕಲ್ಲು ಎತ್ತಿ ಆ ಫೋನಿನವನ ಮೇಲೆ ಬೀಸಿದಳು.