ಊಟ ಎಲ್ಲಾತ್ರಿ?

ಪ್ರಾಣೇಶ ಮುಂಬೈಯ ಜಾಹೀರಾತು ಕಂಪನಿಯೊಂದರ ದೊಡ್ಡ ಸಾಹೇಬ. ದೇಶಕ್ಕೆಲ್ಲ ಸಾಬೂನು ಮಾರಿಸಿದವನು, ತಲೆಗೆ ಹಚ್ಚುವ ಎಣ್ಣೆ ಮಾರಿಸಿದವನು. ಇವನು ಜಾಹೀರಾತು ನಿಲ್ಲಿಸಿದರೆ ಪತ್ರಿಕೆಯೇ ನಿಂತೀತೆಂದು ಸಂಪಾದಕರು ಇವನನ್ನು ಕಂಡರೆ ಎದ್ದು ನಿಲ್ಲುತ್ತಿದ್ದರು. ಮಂತ್ರಿಗಳು ಭಾಷಣಕ್ಕೆ ಮೊದಲು ಇವನನ್ನು ಕೇಳುತ್ತಿದ್ದರು. ಅಂಥವನನ್ನು ಅರವತ್ತೆರಡರ ಚುನಾವಣೆಗೆ ಶಿಗ್ಗಾಂವಿಗೆ ಕರೆಸಿದವನು ಕಾಳಿನ ವ್ಯಾಪಾರಿ ಗುದ್ಲೆಪ್ಪ. ಗುದ್ಲೆಪ್ಪನ ಎದುರು ನಿಂತಿದ್ದವನು ಚನ್ನವೀರಪ್ಪ. ಸವಣೂರಿನ ಶಾಲೆಯಲ್ಲಿ ಪ್ರಾಣೇಶನ ಮಗ್ಗುಲಲ್ಲೇ ಕೂತು ಕಲಿತವನು.

"ಅವನ ಮ್ಯಾಲೆ ಹೇಳಾಕ ಒಂದ್ ಕಳಂಕಾನೂ ಸಿಗವಲ್ದರಿ," ಎಂದು ಗುದ್ಲೆಪ್ಪ ತಲೆಮೇಲೆ ಕೈಹೊತ್ತು ಕೂತ.

ಪ್ರಾಣೇಶ ನಕ್ಕ. "ಕಳಂಕ ಯಾಕ ಬೇಕ್ರಿ? ಒಂದು ಪ್ರಶ್ನೆ ಸಾಕು."

ದಿನಾ ಎಲ್ಲರೂ ಎಲ್ಲರನ್ನೂ ಕೇಳುವ "ಊಟ ಆತ್ರಿ?" ಎಂಬ ಮಾತಿಗೆ 'ಎಲ್ಲಿ' ಎಂಬುದೊಂದನ್ನು ಸೇರಿಸಿ ತುಸು ತಿರುಚಿದ. ಹಳದಿ ಚೀಟಿಗಳ ಮೇಲೆ ಅಚ್ಚಾಗಿದ್ದು ಇಷ್ಟೇ: "ಊಟ ಎಲ್ಲಾತ್ರಿ?" ಹೆಸರಿಲ್ಲ, ಸುಳ್ಳಿಲ್ಲ, ಯಾವ ಕಾಯ್ದೆಯೂ ಹಿಡಿಯುವಂತಿಲ್ಲ. ಉಳಿದದ್ದನ್ನು ಚಹಾದಂಗಡಿಗಳಲ್ಲಿ ಪಿಸುಗುಟ್ಟಿಸಿದ: ಚನ್ನವೀರಪ್ಪ ಸವಣೂರಿನಲ್ಲಿ ಹಾಜರಾಬಿ ಎಂಬ ಮುಸಲ್ಮಾನ ಹೆಂಗಸಿನ ಮನೆಯಲ್ಲಿ ಉಂಡು ಬೆಳೆದವನಂತೆ. ಭಲೇ ಬುದ್ಧಿವಂತ! ತಡಸದಿಂದ ಬಂಕಾಪುರದ ತನಕ ಚನ್ನವೀರಪ್ಪ ಭಾಷಣಕ್ಕೆ ನಿಂತಲ್ಲೆಲ್ಲ ಹಿಂದಿನಿಂದ ಯಾರೋ "ಊಟ ಎಲ್ಲಾತ್ರೀ?" ಎಂದು ಕೂಗುವುದು, ಜನ ಹೊಟ್ಟೆ ಹುಣ್ಣಾಗುವಂತೆ ನಗುವುದು. ಹಾನಗಲ್ಲ, ಹಿರೇಕೆರೂರಿನ ಪುಢಾರಿಗಳೂ ನಮಗೂ ಇಂಥದ್ದೊಂದು ಬರೆದುಕೊಡ್ರಿ ಎಂದು ದುಂಬಾಲು ಬಿದ್ದರು.

ಇವನಿಗೆ ಅದೆಲ್ಲ ಹೇಗೆ ಗೊತ್ತು ಅಂತೀರಾ? ಮನೆಯಲ್ಲಿ ಮಡಿಯ ಅಡಿಗೆ ಮುಗಿಯುವ ತನಕ ಹಸಿವು ತಾಳಲಾರದೆ ಹಾಜರಾಬಿಯ ಮನೆಗೆ ಓಡಿ, ಚನ್ನವೀರಪ್ಪನ ಜೊತೆ ಒಂದೇ ತಾಟಿನಲ್ಲಿ ರೊಟ್ಟಿ, ಪುಂಡಿಪಲ್ಯ ಉಂಡವನು ಇವನೇ! ಚನ್ನವೀರಪ್ಪ ಅದೊಂದು ಮಾತು ಆಡಿದ್ದರೆ ಇವನ ಬಣ್ಣ ಬಯಲಾಗುತ್ತಿತ್ತು. ಇಂದು ಅಂದಾನು, ನಾಳೆ ಅಂದಾನು ಎಂದು ಪ್ರಾಣೇಶ ಹೆದರುತ್ತಲೇ ಇದ್ದ. ಆತ ತುಟಿ ಪಿಟಕ್ಕೆನ್ನಲಿಲ್ಲ. ಸುಮ್ಮನೆ ಸೋತ. ಆಗ ಪ್ರಾಣೇಶನಿಗೆ ತನ್ನ ಮೇಲೆಯೇ ಹೇಸಿಗೆಯಾಯಿತು.

ಗುದ್ಲೆಪ್ಪ ಹಾಕಿದ ಹಾರವನ್ನು ಕಾರಿನಲ್ಲೇ ಬಿಸುಟು ಸವಣೂರಿಗೆ ಹೋದ. ಹಾಜರಾಬಿಯ ಮುಂದೆ ಎಲ್ಲವನ್ನೂ ಒಪ್ಪಿಕೊಳ್ಳಬೇಕು. ಆಮೇಲೂ ಆಕೆ ಮೊದಲಿನಂತೆ "ಊಟ ಆತೇನೋ?" ಅಂದರೆ ತಾನು ಬದುಕಿದಂತೆ ಎಂದುಕೊಂಡ.

ಮುದುಕಿ ಬಾಗಿಲನ್ನು ಅರ್ಧವೇ ತೆರೆದಳು. ಒಳಗೆ ರೊಟ್ಟಿ ಬೇಯುವ ವಾಸನೆ. "ಹಸಿವಿ ಆಗೇದವ್ವಾ," ಎಂದಷ್ಟೇ ಪ್ರಾಣೇಶ ಅಂದ.

ಆಕೆಯ ಕಣ್ಣು ತುಂಬಿತು. "ಬ್ಯಾಡ ನನ್ನಪ್ಪಾ. ಯಾರೋ ಪಾಪಿ ಚೀಟಿ ಹಂಚಿ ಚನ್ನವೀರನ್ನ ಸೋಲಿಸಿದ. ನನ್ನ ರೊಟ್ಟಿ ತಿಂದದ್ದಕ್ಕ ಆ ಹುಡುಗ ತಲಿ ತಗ್ಗಿಸ್ಯಾನ. ಈಗ ನೀನೂ ದೊಡ್ಡ ಮನಶ್ಯಾ ಆಗೀದಿ. ಇಲ್ಲಿ ನಿಂದರಬ್ಯಾಡ, ಯಾರರೆ ನೋಡ್ಯಾರು."

ಆ ಪಾಪಿ ನಾನೇ ಎಂಬ ಮಾತು ನಾಲಿಗೆಯ ತುದಿಗೆ ಬಂದಿತ್ತು. ಅಷ್ಟರಲ್ಲಿ, ತನಗೇ ತಿಳಿಯದಂತೆ, ಪ್ರಾಣೇಶ ಹಿಂದೆ ತಿರುಗಿ ಯಾರಾದರೂ ನೋಡುತ್ತಿದ್ದಾರೆಯೇ ಎಂದು ಓಣಿಯುದ್ದಕ್ಕೂ ಕಣ್ಣಾಡಿಸಿದ.

ಓಣಿಯಲ್ಲಿ ಯಾರೂ ಇರಲಿಲ್ಲ. ಮತ್ತೆ ಇತ್ತ ತಿರುಗಿದಾಗ ಹಾಜರಾಬಿ ಅವನ ಮುಖವನ್ನೇ ನೋಡುತ್ತಿದ್ದಳು. ಮೆಲ್ಲಗೆ ಬಾಗಿಲು ಮುಂದೆ ಮಾಡಿಕೊಂಡಳು.